ಸಂಚಾರಿ ಅಂತ ಟಿಕ್ ಹಾಕಿದ್ದು

ನಮ್ಮ ಅವ್ವ ದಿನಕ್ಕೊಂದು ಸಲ ರಸ್ತೆ ದಾಟುತ್ತಾಳೆ. ಅದೂ ಮಸೀದಿಯ ಮಧ್ಯಾಹ್ನದ ಬಾಂಗ್ ಕಿವಿಗೆ ಬಿದ್ದ ಮೇಲೆ.

ಶಹಾಪುರದ ಬಸ್ ನಿಲ್ದಾಣದ ಹತ್ತಿರದ ರಸ್ತೆಯಲ್ಲಿ ಅವಳು ಮೂವತ್ತು ವರ್ಷಗಳಿಂದ ತಪ್ಪಲ ಪಲ್ಯ ಮಾರುತ್ತಾಳೆ. ಪುಂಡಿ, ರಾಜಗಿರಿ, ಮೆಂತ್ಯೆ, ಸಬ್ಬಸಗಿ, ಕೊತ್ತಂಬರಿ. ದಕ್ಷಿಣದ ಸೀಮೆಯವರು ಇದನ್ನೆಲ್ಲ ಸೊಪ್ಪು ಅನ್ನುತ್ತಾರೆ, ನಮ್ಮಲ್ಲಿ ಹಸಿಯದ್ದೂ ಪಲ್ಯ, ಬೇಯಿಸಿದ್ದೂ ಪಲ್ಯ. ಈ ಪಲ್ಯಕ್ಕೆ ಬಿಸಿಲು ಆಗಿಬರುವುದಿಲ್ಲ. ನಮ್ಮ ಕಡೆಯ ಬಿಸಿಲು ಅರ್ಧ ತಾಸು ಬಿತ್ತೆಂದರೆ ಕೊತ್ತಂಬರಿ ಕತ್ತು ಚೆಲ್ಲುತ್ತದೆ, ಆಮೇಲೆ ಎಷ್ಟು ನೀರು ಚಿಮುಕಿಸಿದರೂ ಗಿರಾಕಿ ಕೈಗೆತ್ತಿ ನೋಡಿ ಕೆಳಗಿಡುತ್ತಾನೆ. ಹಾಗಾಗಿ ಅವ್ವ ಮುಂಜಾನೆ ರಸ್ತೆಯ ಮೂಡಣ ಬದಿಗೆ, ಹಳೆ ಗೋದಾಮಿನ ಗೋಡೆಯ ನೆರಳಲ್ಲಿ ಕೂರುತ್ತಾಳೆ. ನೆರಳು ಗೋಡೆಯ ಬುಡಕ್ಕೆ ಸರಿದು ಬಾಂಗ್ ಆಯಿತೆಂದರೆ ಗೋಣಿಚೀಲದ ಎರಡು ತುದಿ ಹಿಡಿದು, ಪಲ್ಯದ ಸಮೇತ ಎಳೆದುಕೊಂಡು ಎದುರು ಬದಿಗೆ ಹೋಗುತ್ತಾಳೆ. ಅಲ್ಲಿ ಬಟ್ಟೆ ಅಂಗಡಿಯ ಮೂರಂತಸ್ತಿನ ಕಟ್ಟಡವಿದೆ. ಅದರ ನೆರಳು ಸಂಜೆಯವರೆಗೂ ಸಾಲುತ್ತದೆ. ಅವ್ವ ದಾಟಿದಳೆಂದರೆ ಬಟ್ಟೆ ಅಂಗಡಿಯವರು ಊಟಕ್ಕೆ ಏಳುತ್ತಿದ್ದರು, ಬಾಳೆಹಣ್ಣಿನ ಗಾಡಿಯವ ಗಾಡಿಗೆ ತಾಡಪಾಲು ಮುಚ್ಚುತ್ತಿದ್ದ. ಯಾರಿಗೂ ಗಡಿಯಾರ ಬೇಕಾಗಿರಲಿಲ್ಲ.

ಸಣ್ಣವಳಿದ್ದಾಗ ಶಾಲೆಗೆ ರಜೆಯಿದ್ದ ದಿನ ಮುಂಜಾನೆಯಿಂದ ನಾನೂ ಅಲ್ಲಿಯೇ ಇರುತ್ತಿದ್ದೆ. ಗೋದಾಮಿನ ಗೋಡೆ ನನಗೆ ಕರಿಹಲಗೆ. ಸೀಮೆಸುಣ್ಣದ ತುಂಡು ಸಿಕ್ಕರೆ ಸಾಕು, ನಾನು ಟೀಚರ್ ಆಗಿ ಗೋಡೆ ತುಂಬ ಟಿಕ್ ಹಾಕುತ್ತಿದ್ದೆ. ಅವ್ವನಿಗೆ ಓದು ಬರಹ ಬರುವುದಿಲ್ಲ. ನನ್ನ ಟಿಕ್ಕಿನ ಬಾಲ ಉದ್ದ, ತುದಿ ಕೆಳಗೆ ಬಾಗುತ್ತದೆ. ಅದಕ್ಕೆ ಅವ್ವ ಕುಡಗೋಲು ಅನ್ನುತ್ತಿದ್ದಳು. ಗೋಡೆಯ ತುಂಬ ಕುಡಗೋಲು ತೂಗುಹಾಕಬೇಡ, ಗೋದಾಮಿನವರು ಬೈಯುತ್ತಾರೆ ಎಂದು ಸೆರಗಿನಿಂದ ಒರೆಸುತ್ತಿದ್ದಳು.

ನಾನು ಅವ್ವನ ಹಾಗಲ್ಲ. ನನಗೆ ಒಂದು ಕಡೆ ಅಂಡೂರಿ ಕೂತು ಗೊತ್ತಿಲ್ಲ. ಬಾಯಿ ಜೋರು, ಕೈಗೆ ಅವಸರ. ಪಿಯುಸಿ ಮುಗಿಸಿ ಮೂರು ಕಡೆ ಕೆಲಸ ಹಿಡಿದು ಮೂರೂ ಕಡೆ ಜಗಳ ಕಾಯ್ದು ಬಿಟ್ಟೆ. ಕೊನೆಗೆ ಸುರಪುರದಲ್ಲಿ ತಹಶೀಲಿ ಕಚೇರಿಯ ಎದುರಿನ ಝೆರಾಕ್ಸ್ ಅಂಗಡಿಯಲ್ಲಿ ನಿಂತೆ. ಅಲ್ಲಿ ಜನರ ಅರ್ಜಿ ತುಂಬುವುದು ನನ್ನ ಕೆಲಸ. ದಿನಾ ಶಹಾಪುರದಿಂದ ಬಸ್ಸು, ಸಂಜೆ ತಿರುಗಿ ಬಸ್ಸು. ಬಸ್ಸಿನಲ್ಲಿಯೂ ನಾನು ಇಳಿಯುವ ಮೂರು ನಿಲ್ದಾಣ ಮೊದಲೇ ಎದ್ದು ಬಾಗಿಲಿಗೆ ಹೋಗಿ ನಿಲ್ಲುವವಳು. ಗಾಡಿ ತಪ್ಪಿದವರ ಹಾಗೆ ಯಾಕೆ ಮಾಡುತ್ತೀ ಎಂದು ಅವ್ವ ಬೈಯುತ್ತಿದ್ದಳು. ಆದರೆ ಅರ್ಜಿಯ ವಿಷಯದಲ್ಲಿ ನನಗೆ ಸೊಕ್ಕಿತ್ತು, ಇಲ್ಲವೆನ್ನುವುದಿಲ್ಲ. ಯಾವ ಕಾಗದ ಯಾವ ಟೇಬಲ್ಲಿಗೆ ಹೋಗುತ್ತದೆ, ಎಲ್ಲಿ ಸಿಕ್ಕಿಬೀಳುತ್ತದೆ ಎಲ್ಲ ಗೊತ್ತು ಎಂದು ನಂಬಿದ್ದೆ.

ಬೀದಿಬದಿ ವ್ಯಾಪಾರಿಗಳ ಸರ್ವೆ ಬಂದ ದಿನ ತಹಶೀಲಿಗೆ ರಜೆ, ಹಾಗಾಗಿ ನಾನು ಅವ್ವನ ಹತ್ತಿರವೇ ಇದ್ದೆ. ಕಾಯ್ದೆ ಬಂದಿದೆ, ರಸ್ತೆಯಲ್ಲಿ ಮಾರುವವರನ್ನೆಲ್ಲ ಎಣಿಸಿ ಕಾರ್ಡು ಕೊಡುತ್ತಾರೆ, ಕಾರ್ಡಿದ್ದವರನ್ನು ಸುಮ್ಮಸುಮ್ಮನೆ ಎಬ್ಬಿಸುವಂತಿಲ್ಲ ಎಂದು ನಾನೇ ಮೊಬೈಲಿನಲ್ಲಿ ಓದಿ ಅವ್ವನ ಸಾಲಿನಲ್ಲಿ ಮಾರುವವರಿಗೆಲ್ಲ ಹೇಳಿದ್ದೆ. ಸರ್ವೆಗೆ ಬಂದವಳು ಮಹಿಳಾ ಸಂಘದ ಒಬ್ಬ ಹೆಣ್ಣುಮಗಳು, ನಲವತ್ತೈದರ ಆಸುಪಾಸು. ಒಂದು ಕೈಯಲ್ಲಿ ಫಾರ್ಮಿನ ಕಟ್ಟು, ಇನ್ನೊಂದರಲ್ಲಿ ಮೊಬೈಲು. ಬಿಸಿಲಿಗೆ ಮುಖ ಕೆಂಡವಾಗಿತ್ತು. ಅವಳು ನಮ್ಮ ಹತ್ತಿರ ಬರುವುದಕ್ಕೂ ಬಾಂಗ್ ಆಗುವುದಕ್ಕೂ ಸರಿಹೋಯಿತು. ಅವ್ವ ಎದ್ದು ಗೋಣಿ ಎಳೆಯತೊಡಗಿದಳು. ಕಾರ್ಡಿಗೆ ಬೇಕಾದ ಫೋಟೋ ರಸ್ತೆಯ ನಟ್ಟನಡುವೆಯೇ ಆಗಿಹೋಯಿತು. ಅದರಲ್ಲಿ ಅವ್ವ ಬಾಗಿಕೊಂಡು ಗೋಣಿ ಎಳೆಯುತ್ತಿದ್ದಾಳೆ, ಹಿಂದೆ ಒಂದು ಟಂಟಂ ಆಟೋ ಹಾರ್ನ್ ಹೊಡೆಯುತ್ತ ನಿಂತಿದೆ.

ಒಂದೇ ಕಡೆ ಕೂರುತ್ತೀರೋ, ತಿರುಗಾಡಿ ಮಾರುತ್ತೀರೋ ಎಂದು ಆ ಹೆಣ್ಣುಮಗಳು ಕೇಳಿದಳು. ಅವ್ವ ಇದ್ದದ್ದು ಇದ್ದ ಹಾಗೆ ಹೇಳಿದಳು.

“ನೆಳ್ಳ ಎಲ್ಲಿ ಹೋಗ್ತದ, ಅಲ್ಲಿ ಹೋಗ್ತೀನ್ರಿ.”

ಅಷ್ಟು ಹೇಳಿ ಅವ್ವ ಗೋಣಿ ಎಳೆದುಕೊಂಡು ಎದುರು ಬದಿಗೆ ಹೋದಳು, ಆಮೇಲೆ ನಡೆದದ್ದನ್ನು ನೋಡಲಿಲ್ಲ. ಇದನ್ನು ಏನೆಂದು ಬರೆಯುವುದು ಎಂದು ಆ ಹೆಣ್ಣುಮಗಳು ಪೆನ್ನು ಹಿಡಿದು ನಿಂತಳು. ನನಗೆ ತಡೆಯಲಾಗಲಿಲ್ಲ. ಕೊಡ್ರಿ ಇಲ್ಲಿ, ನನ್ನ ಕೆಲಸವೇ ಇದು ಎಂದು ಫಾರ್ಮು ಇಸಿದುಕೊಂಡೆ. ಆಕೆಗೂ ಸಾಕಾಗಿತ್ತು, ಕೊಟ್ಟು ನೆರಳಿಗೆ ಹೋಗಿ ನೀರು ಕುಡಿದಳು. ಫಾರ್ಮಿನಲ್ಲಿ ಮೂರು ಚೌಕಗಳಿದ್ದವು: ಸ್ಥಿರ, ಸಂಚಾರಿ, ಇತರೆ. ನಾನು ಲೆಕ್ಕ ಹಾಕಿದೆ. ಸ್ಥಿರ ಅಂದರೆ ಒಂದೇ ಬದಿ ಸಿಗುತ್ತದೆ, ಇನ್ನೊಂದು ಬದಿ ಕೈಬಿಡುತ್ತದೆ. ಇತರೆಗೆ ಟಿಕ್ ಹಾಕಬಾರದು ಅನ್ನುವುದು ನಮ್ಮ ಝೆರಾಕ್ಸ್ ಅಂಗಡಿಯ ಕಾನೂನು, ಅಂಥ ಅರ್ಜಿ ಮುಂದೆ ಹೋದದ್ದನ್ನು ನಾನು ಕಂಡೇ ಇರಲಿಲ್ಲ. ಉಳಿದದ್ದು ಸಂಚಾರಿ. ಸಂಚಾರಿ ಅಂದರೆ ಎಲ್ಲಿ ಬೇಕಾದರೂ ಮಾರಬಹುದು, ಊರೆಲ್ಲ ನಮ್ಮದೇ! ಟಿಕ್ ಎಳೆದೆ. ವ್ಯಾಪಾರದ ಸ್ಥಳ ಅಂತಿದ್ದ ಕಡೆ “ಊರ ತುಂಬಾ” ಎಂದು ಬರೆದೆ. ಎಂಥ ಜಾಣೆ ನಾನು ಎಂದು ಒಳಗೊಳಗೇ ಹಿಗ್ಗಿದೆ.

ಕಾರ್ಡು ಬಂತು. ಅವ್ವ ಅದನ್ನು ಎಲೆ ಅಡಿಕೆಯ ಚೀಲದಲ್ಲಿಟ್ಟುಕೊಂಡಳು. ಕೆಲವು ವಾರ ಕಳೆದ ಮೇಲೆ ಒಂದು ಮುಂಜಾನೆ ನಗರಸಭೆಯವರು ರಸ್ತೆಯ ಬದಿಗೆ ಬಿಳಿ ಬಣ್ಣದ ಗೆರೆ ಎಳೆದು ಸಾಲಾಗಿ ನಂಬರು ಬರೆದರು. ಸ್ಥಿರ ಎಂದು ಕಾರ್ಡಿದ್ದವರಿಗೆಲ್ಲ ಒಂದೊಂದು ನಂಬರಿನ ಜಾಗ. ಬಾಳೆಹಣ್ಣಿನವನಿಗೆ ಸಿಕ್ಕಿತು, ಬಳೆಯವಳಿಗೆ ಸಿಕ್ಕಿತು. ಅವ್ವನ ಕಾರ್ಡು ನೋಡಿ, ನಿಮಗೆ ಕೂರುವ ಹಕ್ಕಿಲ್ಲ ಎಂದರು. ಗಿರಾಕಿ ಕರೆದಾಗ ನಿಲ್ಲಬಹುದು, ಕೊಟ್ಟು ಮುಂದೆ ನಡೆಯಬೇಕು, ಸಂಚಾರಿ ಅಂದರೆ ಅದೇ. ಅವರು ಗದರಲಿಲ್ಲ, ದಬ್ಬಲಿಲ್ಲ. ಕಾರ್ಡಿನಲ್ಲಿ ಇದ್ದದ್ದನ್ನೇ ಓದಿ ಹೇಳಿದರು. ಅವ್ವ ಗೋಣಿ ಮಡಚಿ, ಪಲ್ಯವನ್ನು ಬುಟ್ಟಿಗೆ ತುಂಬಿ, ಬುಟ್ಟಿ ತಲೆಯ ಮೇಲಿಟ್ಟುಕೊಂಡು ಹೊರಟಳು. ಅವಳ ಎಡಗಾಲಿನ ಮೊಣಕಾಲು ಆಗಲೇ ಬಾತುಕೊಂಡಿರುತ್ತಿತ್ತು. ಕೂತು ಮಾರುವ ಕೆಲಸ ಅಂತಲೇ ಆ ಕಾಲು ಇಷ್ಟು ದಿನ ನಡೆದಿತ್ತು.

ಸುದ್ದಿ ತಿಳಿದದ್ದೇ ನಾನು ಮಾಲೀಕರಿಗೂ ಹೇಳದೆ ಸುರಪುರದಿಂದ ಸಿಕ್ಕ ಬಸ್ಸು ಹತ್ತಿ ಬಂದೆ. ಅವ್ವನನ್ನು ಕರೆದುಕೊಂಡು ನೆಟ್ಟಗೆ ನಗರಸಭೆಯ ಆಫೀಸಿಗೆ ಹೋದೆ. ಹಿಂದೆ ಸಾಲಿನ ಏಳೆಂಟು ಮಂದಿ ಬಂದರು. ಅಲ್ಲಿದ್ದ ಗುಮಾಸ್ತ ಫೈಲು ತೆಗೆದು ಫಾರ್ಮನ್ನು ನಮ್ಮ ಮುಂದೆ ಇಟ್ಟ. ಸಂಚಾರಿ ಅಂತ ಟಿಕ್ ಇದೆ, ಊರ ತುಂಬಾ ಅಂತ ಬರೆದಿದೆ, ಯಾರು ತುಂಬಿದ್ದು ಎಂದು ಕೇಳಿದ. ಎಲ್ಲರೂ ನನ್ನ ಮುಖ ನೋಡುತ್ತಿದ್ದರು. ಒಂದು ಗಳಿಗೆ ತಡೆದಿದ್ದರೆ ನಿಜ ಬರುತ್ತಿತ್ತೇನೋ. ಆದರೆ ನನ್ನ ಬಾಯಿ ಯಾವತ್ತು ತಡೆದಿದೆ? “ಸರ್ವೆಕ್ಕ ಬಂದಾಕಿ ಬರದಾಳ್ರಿ” ಎಂದುಬಿಟ್ಟೆ.

ಅವ್ವ ಆ ಹಾಳೆಯನ್ನು ಬಹಳ ಹೊತ್ತು ನೋಡಿದಳು. ಓದು ಬಾರದವಳು ಏನು ನೋಡುತ್ತಾಳೆ ಎಂದುಕೊಂಡೆ. ಆಮೇಲೆ ನನ್ನ ಕಡೆ ನೋಡಿದಳು. ದನಿ ಏರಿಸಿದ್ದಕ್ಕೆ ನೋಡುತ್ತಿದ್ದಾಳೆ ಎಂದುಕೊಂಡು ಇನ್ನೂ ಏರಿಸಿದೆ.

ಒಂದು ಸಲ ಬಾಯಿಂದ ಬಿದ್ದ ಸುಳ್ಳು ಆಮೇಲೆ ನನ್ನ ಕೈ ಬಿಡಲಿಲ್ಲ. ನಾನೇ ಅರ್ಜಿ ಬರೆದೆ. ಸರ್ವೆಯ ಹೆಣ್ಣುಮಗಳು ಬೇಜವಾಬ್ದಾರಿಯಿಂದ ತಪ್ಪು ದಾಖಲೆ ಮಾಡಿದ್ದಾಳೆ, ನನ್ನ ತಾಯಿ ಗೋದಾಮಿನ ಗೋಡೆಯ ಬಳಿ ಖಾಯಂ ಕೂರುವವಳು ಎಂದು. ಎಲ್ಲರ ಸಹಿ, ಹೆಬ್ಬೆಟ್ಟು ಹಾಕಿಸಿದೆ. ಯಾದಗಿರಿಗೆ ಹೋಗಿ ಜಿಲ್ಲಾ ಕಚೇರಿಯಲ್ಲೂ ಒಂದು ಪ್ರತಿ ಕೊಟ್ಟು ಸ್ವೀಕೃತಿ ತಂದೆ. ಸಾಲಿನವರು ನನ್ನನ್ನು ಮರ್ಯಾದೆಯಿಂದ ಅಕ್ಕಾರು ಎಂದು ಕರೆಯತೊಡಗಿದರು. ಬಾಳೆಹಣ್ಣಿನವ ನನಗಿಂತ ಹತ್ತು ವರ್ಷ ದೊಡ್ಡವ, ಅವನೂ ಅಕ್ಕಾರು ಅಂದ. ಯಾರ ಗಾಡಿಗೆ ಏನು ತಕರಾರು ಬಂದರೂ ಸಂಜೆ ನಾನು ಬಸ್ಸಿನಿಂದ ಇಳಿಯುವುದನ್ನೇ ಕಾಯುತ್ತಿದ್ದರು. ಕಾಯ್ದೆಯ ಮಾತು ನಾನು ಹೇಳುವಾಗ ಸುತ್ತ ನಿಂತು ಕೇಳುತ್ತಿದ್ದರು. ನನಗೆ ಅದು ಬಹಳ ಹಿಡಿಸಿತು. ಮೂರು ಕಡೆ ಕೆಲಸ ಬಿಟ್ಟು ಬಂದವಳ ಮಾತಿಗೆ ಅಲ್ಲಿಯವರೆಗೆ ಯಾರು ಕಿವಿಗೊಟ್ಟಿದ್ದರು?

ಅವ್ವ ಮಾತ್ರ ತಿರುಗುತ್ತಲೇ ಇದ್ದಳು. ಹಳಿಪೇಟೆ, ಕ್ವಾರ್ಟರ್ಸು, ಆಸ್ಪತ್ರೆಯ ಹಿಂದಿನ ಓಣಿ. ಖಾಯಂ ಗಿರಾಕಿಗಳು ಬಸ್ ನಿಲ್ದಾಣದ ರಸ್ತೆಗೆ ಬಂದು ಹುಡುಕಿ ವಾಪಸು ಹೋಗುತ್ತಿದ್ದರು. ಮನೆಗೆ ಬಂದ ಮೇಲೆ ಬಟ್ಟೆಯಲ್ಲಿ ಉಪ್ಪು ಕಟ್ಟಿ, ಹಂಚಿನ ಮೇಲೆ ಬಿಸಿ ಮಾಡಿ ಮೊಣಕಾಲಿಗೆ ಒತ್ತಿಕೊಳ್ಳುತ್ತಿದ್ದಳು. ಏನಾಯಿತು ನಿನ್ನ ಅರ್ಜಿ ಎಂದು ಒಂದು ದಿನವೂ ಕೇಳಲಿಲ್ಲ. ಕೇಳಿದ್ದರೆ ಸಿಟ್ಟಾದರೂ ಬರುತ್ತಿತ್ತು. ಕೇಳದ್ದಕ್ಕೆ ನನಗೆ ಮನೆಯಲ್ಲಿ ನಿಲ್ಲಲು ಆಗುತ್ತಿರಲಿಲ್ಲ. ಉಂಡ ತಾಟು ತೊಳೆಯುವ ನೆಪದಲ್ಲಿ ಹೊರಗೆ ಹೋಗಿ ಅಂಗಳದಲ್ಲಿ ಸುತ್ತುತ್ತಿದ್ದೆ.

ಒಂದು ಮುಂಜಾನೆ ಸುರಪುರದ ಬಸ್ಸಿನಲ್ಲಿ ಸರ್ವೆಯ ಹೆಣ್ಣುಮಗಳು ಸಿಕ್ಕಳು. ನನ್ನ ಮುಂದಿನ ಸೀಟು. ತಿರುಗಿ ಗುರುತು ಹಿಡಿದಳು. ಅರ್ಜಿ ಹೋದ ಮೇಲೆ ತನಗೆ ಯಾವ ಸರ್ವೆಯ ಕೆಲಸವನ್ನೂ ಕೊಡುತ್ತಿಲ್ಲ, ವಿಚಾರಣೆ, ಚೌಕಶಿ ಮುಗಿಯುವವರೆಗೆ ಮನೆಯಲ್ಲಿರು ಅಂದಿದ್ದಾರೆ ಎಂದು ಹೇಳಿದಳು. ಬೈಯುತ್ತಾಳೆ ಎಂದು ನಾನು ತಯಾರಾಗಿದ್ದೆ. ಬೈಯಲಿಲ್ಲ.

“ಅಕ್ಕಾರ, ಫಾರಂ ನೀವ ತುಂಬಿದ್ರಲ್ಲ? ನಿಮಗ ನೆಪ್ಪದನೋ ಇಲ್ಲೋ?”

ನೆನಪಿಲ್ಲ ಎಂದೆ. ಹೇಳಿದವಳು ಅಲ್ಲಿ ಕೂರಲಾರದೆ, ನಡುವೆ ಯಾವುದೋ ಕ್ರಾಸಿನಲ್ಲಿ ಬಸ್ಸು ನಿಂತಾಗ ಇಳಿದುಬಿಟ್ಟೆ. ಸುತ್ತ ಬರೀ ಭತ್ತದ ಗದ್ದೆ, ಕಾಲುವೆ, ಒಂದು ಮುಚ್ಚಿದ ಚಹಾ ಅಂಗಡಿ. ಮುಂದಿನ ಬಸ್ಸು ಬರುವವರೆಗೆ ರಸ್ತೆಯ ಮೇಲೆ ಅತ್ತಿಂದಿತ್ತ ನಡೆದೆ. ಇವತ್ತೇ ಹೋಗಿ ನಿಜ ಹೇಳಿಬಿಡಬೇಕು ಅನ್ನಿಸಿತು. ಹೇಳಿದರೆ ಸಾಲಿನವರು ಏನೆಂದಾರು? ಇಷ್ಟು ದಿನ ಅಕ್ಕಾರು ಅಂದವರು ಥೂ ಅನ್ನುತ್ತಾರೆ. ಬಸ್ಸು ಬಂತು, ಹತ್ತಿದೆ, ಆ ದಿನವೂ ಹೇಳಲಿಲ್ಲ, ಮರುದಿನವೂ ಹೇಳಲಿಲ್ಲ.

ನಾಲ್ಕು ತಿಂಗಳಿಗೆ ಸ್ಥಳ ಪರಿಶೀಲನೆಯ ನೋಟೀಸು ಬಂತು. ನಗರಸಭೆಯ ಸಾಹೇಬರು ಇಂಥ ದಿನ ಹನ್ನೊಂದಕ್ಕೆ ಬರುತ್ತಾರೆ, ಅರ್ಜಿದಾರರು ತಮ್ಮ ಜಾಗದಲ್ಲಿ ಹಾಜರಿರಬೇಕು. ನಾನು ಅವ್ವನಿಗೆ ತಾಕೀತು ಮಾಡಿದೆ. ಗೋದಾಮಿನ ಗೋಡೆಯ ಹತ್ತಿರ ಕೂತಿರು, ಆಕಾಶ ಬಿದ್ದರೂ ಏಳಬೇಡ, ಎದ್ದರೆ ಮತ್ತೆ ಸಂಚಾರಿ ಅಂತಾರೆ. ಅವ್ವ ಹೂಂ ಅಂದಳು. ಹನ್ನೊಂದಾಯಿತು, ಹನ್ನೆರಡಾಯಿತು, ಸಾಹೇಬರಿಲ್ಲ. ನಾನು ರಸ್ತೆಯ ತುದಿಯವರೆಗೆ ಹೋಗಿ ನೋಡಿ ಬರುತ್ತಿದ್ದೆ. ಬಾಂಗ್ ಆಯಿತು. ಅವ್ವನ ಕೈ ತಾನಾಗಿ ಗೋಣಿಯ ತುದಿಗೆ ಹೋಯಿತು. ನಾನು ಕಣ್ಣಲ್ಲೇ ಗದರಿದೆ. ಕೈ ಬಿಟ್ಟು ಕೂತಳು.

ಬಿಸಿಲು ಮೊದಲು ಅವಳ ಪಾದಕ್ಕೆ ಬಂತು, ಆಮೇಲೆ ಪಲ್ಯಕ್ಕೆ. ಅವ್ವ ತಲೆಯ ಮೇಲಿನ ಸೆರಗು ತೆಗೆದು ಪಲ್ಯದ ಮೇಲೆ ಹಿಡಿದಳು, ತಲೆ ಬರಿದಾಯಿತು. ಕೊತ್ತಂಬರಿ ಮೊದಲು ಬಿತ್ತು, ನಂತರ ಮೆಂತ್ಯೆ. ಒಬ್ಬ ಗಿರಾಕಿ ಬಂದು, ಏನಬೇ ಇವತ್ತು ಬಿಸಿಲಿಗೆ ಕೂತಿ, ತಲಿ ಕೆಟ್ಟದೇನು ಎಂದು ಕೇಳಿದ. ಅವ್ವ ನನ್ನ ಕಡೆ ನೋಡದೆ ನಕ್ಕಳು. ನನಗೆ ಎದ್ದು ಆ ಕಡೆ ಹೋಗು ಅನ್ನಲೂ ಆಗಲಿಲ್ಲ, ಕೂತಿರು ಅನ್ನಲೂ ಆಗಲಿಲ್ಲ.

ಎರಡೂವರೆಗೆ ಸಾಹೇಬರು ಬಂದರು. ಐವತ್ತರ ಸಾಧಾರಣ ಮನುಷ್ಯ, ಕೈಯಲ್ಲಿ ನಮ್ಮ ಫೈಲು. ಕಲಬುರಗಿಯಿಂದ ಯಾರೋ ಬಂದಿದ್ದರು, ತಡವಾಯಿತು ಎಂದರು. ಸಾಲಿನವರು ಸುತ್ತ ಸೇರಿದರು. ಸಾಹೇಬರು ಗೋಡೆ ನೋಡಿದರು, ಅವ್ವನನ್ನು ನೋಡಿದರು, ಬಾಡಿದ ಪಲ್ಯ ನೋಡಿದರು. ಇದೇ ನಿಮ್ಮ ಜಾಗವೇ ಎಂದು ಕೇಳುತ್ತ ಫೈಲು ಬಿಚ್ಚಿದರು. ಬಿಸಿಲಿಗೆ ಹಾಳೆ ಕಣ್ಣಿಗೆ ಹೊಡೆಯುತ್ತಿತ್ತು. ತಡೀರಿ ಎಂದು ರಸ್ತೆ ದಾಟಿ, ಬಟ್ಟೆ ಅಂಗಡಿಯ ನೆರಳಿಗೆ ಹೋಗಿ ನಿಂತು, ಮುಖ ಒರೆಸಿಕೊಂಡು ಪೆನ್ನು ತೆಗೆದರು. ನಾವೆಲ್ಲ ಅವರ ಹಿಂದೆ ದಾಟಿದೆವು. ಅವ್ವ ಗೋಡೆಗೆ ಕೈ ಊರಿ ಎದ್ದು, ಕುಂಟುತ್ತ ಎಲ್ಲರಿಗಿಂತ ಕೊನೆಗೆ ಬಂದಳು.

“ಸಾಹೇಬ್ರ, ಈಗ ನೀವು ನಿಂತೀರಲ್ರಿ, ಅದ ನನ್ನ ಜಾಗ.”

ಸಾಹೇಬರು ಕೆಳಗೆ ತಮ್ಮ ಕಾಲು ನೋಡಿಕೊಂಡರು. ಆಮೇಲೆ ಎದುರಿನ ಗೋಡೆ ನೋಡಿದರು. ಬಟ್ಟೆ ಅಂಗಡಿಯವರು ಒಳಗಿಂದಲೇ, ಹೌದು, ಮುಂಜಾನೆ ಅಲ್ಲಿ, ಮಧ್ಯಾಹ್ನ ಇಲ್ಲಿ, ಎಷ್ಟೋ ವರ್ಷದಿಂದ ಇದೇ ಎಂದರು. ಸಾಹೇಬರಿಗೆ ನಗು ಬಂತು. ಕಾಯ್ದೆಯಲ್ಲಿ ಇದಕ್ಕೂ ದಾರಿಯಿದೆ, ಇತರೆ ಅಂತ ಒಂದು ಚೌಕವಿದೆ, ಅದಕ್ಕೆ ಟಿಕ್ ಹಾಕಿ ಎರಡೂ ಬದಿ, ವೇಳೆ ಬರೆದರೆ ಆಯಿತು ಎಂದರು. ಟಿಕ್ ಹಾಕಬಾರದು ಎಂದು ನಾನು ಬಿಟ್ಟಿದ್ದ ಚೌಕವೇ ಅದು. ಆದರೆ ಅವರು ಫೈಲಿನ ಇನ್ನೊಂದು ಹಾಳೆ ತಿರುಗಿಸಿ, ಪೆನ್ನಿನ ಟೊಪ್ಪಿಗೆ ಹಾಕಿದರು.

“ಸರ್ವೆಯವರ ತಪ್ಪು ಅಂತ ಕಂಪ್ಲೇಂಟ್ ಅದರಿ. ಚೌಕಶಿ ಮುಗಿಯೂ ತನಕ ತಿದ್ದಾಕ ಬರಂಗಿಲ್ಲ. ನಿಮ್ಮ ಕಡಿಯವರ ತಪ್ಪು ಇದ್ದಿದ್ರ ಒಂದು ಹಾಳಿ ಬರದು ಕೊಟ್ಟಿದ್ರ ಸಾಕಿತ್ತು, ಮೊದಲಿನ ದಿನಾನ ತಿದ್ದಿ ಕೊಡ್ತಿದ್ವಿ.”

ಮೊದಲಿನ ದಿನವೇ. ಚೌಕಶಿ ಎಂದರೆ ಇನ್ನೂ ಎಷ್ಟು ತಿಂಗಳೋ, ಅಲ್ಲಿಯವರೆಗೆ ಅವ್ವ ಬುಟ್ಟಿ ಹೊತ್ತು ತಿರುಗಬೇಕು. ಸಾಹೇಬರು ಫೈಲು ಮುಚ್ಚುತ್ತಿದ್ದರು. ಅಷ್ಟರಲ್ಲಿ ಅವ್ವ ಮುಂದೆ ಬಂದು, ತಪ್ಪು ತನ್ನದೇ, ತಾನೇ ಸರಿಯಾಗಿ ಹೇಳಲಿಲ್ಲ, ಆ ಹೆಣ್ಣುಮಗಳದ್ದೂ ಅಲ್ಲ, ಮತ್ತೆ ಯಾರದ್ದೂ ಅಲ್ಲ ಎಂದು ಶುರುಮಾಡಿದಳು. ಇದನ್ನು ಕೇಳಿಕೊಂಡು ನಿಲ್ಲುವುದಾದರೆ ನಾನು ಮನುಷ್ಯಳೇ ಅಲ್ಲ.

“ನಾ ಬರದೀನ್ರಿ ಸಾಹೇಬ್ರ. ಟಿಕ್ಕ ಹಾಕಿದಾಕಿ ನಾನು. ಸರ್ವೆದಾಕಿ ಮ್ಯಾಲ ಸುಳ್ಳ ಹೇಳೀನಿ.”

ಬಾಳೆಹಣ್ಣಿನವ ನನ್ನನ್ನು ಒಂದು ಸಲ ನೋಡಿ, ತಲೆ ತಗ್ಗಿಸಿ ತನ್ನ ಗಾಡಿಯ ಕಡೆ ನಡೆದ. ಬಳೆಯವಳು, ಬಡಪಾಯಿ ಹೆಂಗಸಿನ ಕೆಲಸ ಕಳೆದೆಯಲ್ಲ ಎಂದು ನನ್ನ ಮುಖಕ್ಕೆ ಹೇಳಿಯೇ ಹೋದಳು. ಅವಳು ಹೇಳಿದ್ದು ಸರಿಯಿತ್ತು. ಸಾಹೇಬರು ಮಾತ್ರ ಬೈಯಲಿಲ್ಲ, ಎರಡು ಬಿಳಿ ಹಾಳೆ ಕೊಟ್ಟರು. ಒಂದರಲ್ಲಿ ದೂರು ಹಿಂತೆಗೆದುಕೊಂಡಿದ್ದೇನೆ, ಆಕೆಯದು ಏನೂ ತಪ್ಪಿಲ್ಲ ಎಂದು ಬರೆಸಿದರು. ಇನ್ನೊಂದರಲ್ಲಿ ತಿದ್ದುಪಡಿಯ ಅರ್ಜಿ. ಬಟ್ಟೆ ಅಂಗಡಿಯ ಮೆಟ್ಟಿಲ ಮೇಲೆ ಕೂತು ಬರೆದೆ. ಮುಂಜಾನೆ ಗೋದಾಮಿನ ಬದಿ, ಮಧ್ಯಾಹ್ನದ ಮೇಲೆ ಬಟ್ಟೆ ಅಂಗಡಿಯ ಬದಿ. ಹೊಸ ಫಾರ್ಮಿನಲ್ಲಿ ಇತರೆ ಎಂಬ ಚೌಕಕ್ಕೆ ಟಿಕ್ ಹಾಕಿದೆ. ಸಾಹೇಬರು ಹಳೆಯ ಕಾರ್ಡಿನ ಮೇಲೆಯೇ ತಿದ್ದಿ ಸಹಿ ಮಾಡಿ, ಹೊಸ ಕಾರ್ಡು ಬರುವವರೆಗೆ ಇದನ್ನೇ ತೋರಿಸಿ, ಇವತ್ತಿನಿಂದಲೇ ಕೂರಬಹುದು ಎಂದು ಹೇಳಿ ಹೋದರು.

ನಾನು ಗೋಣಿ ಎಳೆದುಕೊಂಡು ಈ ಬದಿಗೆ ತಂದೆ. ಅವ್ವ ಕೂತಳು, ಎಡಗಾಲು ನೀಡಿದಳು. ಬಾಡಿದ ಕೊತ್ತಂಬರಿಯನ್ನು ಒಂದು ಕಡೆ ತೆಗೆದಿಟ್ಟು, ಉಳಿದದ್ದಕ್ಕೆ ನೀರು ಚಿಮುಕಿಸಿದಳು. ಆಮೇಲೆ ಸಾಹೇಬರು ನನ್ನ ಕೈಗೆ ಕೊಟ್ಟು ಹೋಗಿದ್ದ ಫಾರ್ಮಿನ ಪ್ರತಿಯನ್ನು ಇಸಿದುಕೊಂಡು, ಟಿಕ್ಕಿನ ಮೇಲೆ ಒದ್ದೆ ಬೆರಳಿಟ್ಟಳು.

“ಕುಡಗೋಲು,” ಅಂದಳು. “ಆಫೀಸಿನ್ಯಾಗ ಆ ಹಾಳಿ ತೋರ್ಸಿದ್ರಲ್ಲ, ಅವತ್ತ ಗುರ್ತ ಸಿಕ್ಕಿತ್ತು.”

ನಾಲ್ಕು ತಿಂಗಳು! ಗೊತ್ತಿದ್ದೂ ಆ ಕಾಲಿನಲ್ಲಿ ಊರೆಲ್ಲ ತಿರುಗಿದೆಯಲ್ಲ, ಯಾಕೆ ಹೇಳಲಿಲ್ಲ ಎಂದು ಕೇಳಿದೆ. ಕೇಳುವಾಗಲೂ ನನ್ನ ದನಿ ಜಗಳದ ದನಿಯೇ.

ಅವ್ವ ಪುಂಡಿಪಲ್ಯದ ಸಿವುಡು ಕಟ್ಟುತ್ತ, ತಲೆ ಎತ್ತದೆ ಹೇಳಿದಳು.

“ಮಂದಿ ನಿನ್ನ ಮಾತು ಕೇಳಾಕತ್ತಿದ್ರು, ಮಗಳ. ಕೇಳ್ಲಿ ಬಿಡು ಅಂತ ತಿರಗಿದೆ.”

ಒಬ್ಬ ಗಿರಾಕಿ ಬಂದು ರಾಜಗಿರಿ ಇದೆಯೇ ಎಂದು ಕೇಳಿದ. ಅವ್ವ ಇದೆ ಎಂದಳು. ನಾನು ಅವಳ ಪಕ್ಕದಲ್ಲಿ ನೆಲದ ಮೇಲೆ ಕೂತೆ. ಸಂಜೆಯವರೆಗೆ ಏಳಲಿಲ್ಲ.